ಒಂದೂ ಹೋಲಿಕೆ ಇರಕೂಡದು

ಜನವರಿ ೯

ಮಾತೃಸ್ವರೂಪಿಣಿಯಾದ ಅಮ್ಮನವರ ಪಾದಾರವಿಂದಗಳಿಗೆ,

ಕಾಲವೆಂಬ ಕಡಲಿನಲ್ಲಿ, ಪಶ್ಚಾತ್ತಾಪವೆಂಬ ಹರಿಗೋಲನ್ನೇರಿ, ಕಣ್ಣೀರೆಂಬ ಹುಟ್ಟನ್ನು ಹಾಕುತ್ತಾ, ತಮ್ಮ ಕ್ಷಮೆಯೆಂಬ ದಡವನ್ನು ಅರಸಿ ಬರುತ್ತಿರುವ ನತದೃಷ್ಟನ ನಮಸ್ಕಾರಗಳು. ಒಂಬತ್ತು ವರ್ಷಗಳ ಹಿಂದೆ ವಿಧಿಯ ಕ್ರೂರ ಹಸ್ತವು ತಮ್ಮ ಮಡಿಲ ದೀಪವನ್ನು ಆರಿಸಿತು. ಆ ಹಸ್ತದ ಕೈಗೊಂಬೆಯಾದ ನಾನು ಬಿರುಗಾಳಿಗೆ ಸಿಕ್ಕ ತರಗೆಲೆಯಂತೆ, ಬಲೆಗೆ ಬಿದ್ದ ಜಿಂಕೆಯಂತೆ ಹಗಲಿರುಳೂ ನರಳುತ್ತಿದ್ದೇನೆ.

ಬಿಡುಗಡೆ ಸಮಿತಿಯವರು ಈ ವರ್ಷ ನನ್ನ ಹೆಸರನ್ನು ಪರಿಶೀಲಿಸುತ್ತಿದ್ದಾರೆ. ಮೃತರ ತಾಯಿಯಾದ ತಾವು ‘ಆಕ್ಷೇಪವಿಲ್ಲ’ ಎಂಬ ಒಂದೇ ಒಂದು ಸಾಲನ್ನು ದಯಪಾಲಿಸಿದರೆ ಈ ಬಾಡಿದ ಬಳ್ಳಿಯು ಮತ್ತೆ ಚಿಗುರೀತು. ತಾಯಿಯ ಹೃದಯವು ಬೆಣ್ಣೆಯಂತೆ ಕರಗುವುದೆಂದು ನಂಬಿರುವ,

ತಮ್ಮ ಪಾದಧೂಳಿ,
ಬೈಂಡಿಂಗ್ ಕಾರ್ಖಾನೆಯಲ್ಲಿ ಕಟಿಂಗ್ ಮಷೀನಿನ ಮೇಲಿದ್ದವನು


ಜನವರಿ ೨೪

ಕಟಿಂಗ್ ಮಷೀನಿನವನೇ,

ನಿನ್ನ ಹೆಸರಿನಲ್ಲಿ ಬಂದ ಪತ್ರವನ್ನು ಓದಿದೆ. ಅದರಲ್ಲಿ ನೀನು ಏಕಕಾಲಕ್ಕೆ ಅಂಬಿಗ, ಕೈಗೊಂಬೆ, ತರಗೆಲೆ, ಜಿಂಕೆ ಮತ್ತು ಬಳ್ಳಿ ಆಗಿದ್ದೀಯ. ಕೊಲೆಗಾರ ಮಾತ್ರ ಆಗಿಲ್ಲ.

ನಾನು ಕಾಲೇಜಿನಲ್ಲಿ ಶೈಲಿ ಕಲಿಸಿ ನಿವೃತ್ತಳಾದವಳು. ಯಾವ ವಾಕ್ಯ ಯಾರದು ಎಂದು ಹೇಳುವುದು ನನ್ನ ಕಸುಬು; ಕದ್ದ ಪ್ರಬಂಧವನ್ನು ಮೊದಲ ಪ್ಯಾರಾದಲ್ಲೇ ಹಿಡಿದು, ಕದ್ದವನನ್ನೂ ಕದಿಯಲು ಕೊಟ್ಟವನನ್ನೂ ಒಟ್ಟಿಗೆ ಹೊರಗೆ ನಿಲ್ಲಿಸುತ್ತಿದ್ದೆ. ನಿನ್ನ ಮಾತನ್ನು ಕೋರ್ಟಿನಲ್ಲಿ ಕೇಳಿದ್ದೇನೆ. ಕೇಳಿದ್ದಕ್ಕೆಲ್ಲ ‘ಹೌದು’, ‘ಇಲ್ಲ’, ‘ಗೊತ್ತಿಲ್ಲ’ ಎಂದೆ. ಆ ಬಾಯಿಗೂ ಈ ಹರಿಗೋಲಿಗೂ ಸಂಬಂಧವಿಲ್ಲ. ಇದನ್ನು ಬರೆದವರಿಗೆ ಐವತ್ತು ದಾಟಿದೆ. ಎಳೆಯ ವಯಸ್ಸಿನಲ್ಲಿ ಯಾರೋ ಹೊಡೆದು ಹಳಗನ್ನಡ ಬಾಯಿಪಾಠ ಮಾಡಿಸಿದ್ದಾರೆ. ಆಮೇಲೆ ಧಾರಾವಾಹಿಗಳನ್ನು ಓದಿದ್ದಾರೆ. ದೀಪ ಆರಿತು ಎಂದರೆ ಹೆಂಗಸರು ಅಳುತ್ತಾರೆ ಎಂದು ನಂಬಿದ್ದಾರೆ. ಅವರು ಯಾರನ್ನು ಕೊಂದು ಒಳಗೆ ಬಂದರೋ ನನಗೆ ತಿಳಿಯದು. ಭಾಷೆಯನ್ನು ಕೊಂದದ್ದಕ್ಕೆ ನಾನೇ ಸಾಕ್ಷಿ.

ಇನ್ನೊಂದು ಮಾತು. ನನ್ನನ್ನು ‘ಅಮ್ಮ’ ಎನ್ನಬೇಡ. ಆ ಪದಕ್ಕೆ ಒಬ್ಬನೇ ಹಕ್ಕುದಾರನಿದ್ದ.

ಸಮಿತಿಯವರು ನನಗೂ ಬರೆದಿದ್ದಾರೆ. ವರ್ಷದ ಕೊನೆಯೊಳಗೆ ನಾನು ಹೂಂ ಅನ್ನಬೇಕು, ಇಲ್ಲವೇ ಊಹೂಂ. ನನಗೆ ಬೇಕಾದದ್ದು ಒಂದೇ: ಆ ಸಂಜೆ ನನ್ನ ಮಗ ಹೇಗೆ ಸತ್ತ? ಶವಪರೀಕ್ಷೆಯ ವರದಿಯಲ್ಲಿ ತಲೆಬುರುಡೆ ಇದೆ, ಮಗ ಇಲ್ಲ. ತೀರ್ಪಿನಲ್ಲಿ ‘ಹಳೆಯ ದ್ವೇಷ’ ಇದೆ, ಮಗ ಇಲ್ಲ. ಅವನ ಕೊನೆಯ ಗಳಿಗೆಯನ್ನು ಕಂಡವನು ನೀನೊಬ್ಬ. ನಿನ್ನದೇ ಕೈಯಲ್ಲಿ, ನಿನ್ನದೇ ಮಾತಿನಲ್ಲಿ ಬರೆ. ಸುಳ್ಳಾದರೆ ನನಗೆ ತಿಳಿಯುತ್ತದೆ. ಸುಳ್ಳಿಗೆ ನನ್ನ ಉತ್ತರ ಊಹೂಂ.

ಇಂತಿ,
ಮೃತನ ತಾಯಿ


ಫೆಬ್ರವರಿ ೧೭

ಮೇಡಂ ಅವರಿಗೆ,

ನೀವು ಹೇಳಿದ್ದು ಸರಿ, ಅದು ನಾನು ಬರೆದದ್ದಲ್ಲ. ಇಲ್ಲಿ ಒಬ್ಬರಿದ್ದಾರೆ, ಎಲ್ಲರೂ ‘ಕಾದಂಬರಿ’ ಅಂತ ಕರೀತೀವಿ. ಹೆಂಡತಿಯ ಅಪ್ಪನಿಗೆ ವಿಷ ಹಾಕಿ ಬಂದವರು. ಈಗ ಎಲ್ಲರ ಪತ್ರಕ್ಕೂ ಸಕ್ಕರೆ ಹಾಕ್ತಾರೆ. ನಿಮ್ಮ ಪತ್ರ ಓದಿ ಹೇಳಿದೆ. “ಪಾದಾರವಿಂದ ಬೇಡವಂತಾ? ಆ ಹೆಂಗಸಿಗೆ ಎದೆ ಇರೋ ಜಾಗದಲ್ಲಿ ವ್ಯಾಕರಣ ಇದೆ ಕಣೋ” ಅಂದರು. ಸ್ವಲ್ಪ ಹೊತ್ತಾದ ಮೇಲೆ ಮೆಲ್ಲಗೆ ಬಂದು, “ಐವತ್ತು ದಾಟಿದೆ ಅಂತ ಹೇಗೆ ಗೊತ್ತಾಯ್ತಂತೆ?” ಅಂತ ಕೇಳಿದರು.

ಪತ್ರ ತೆರೆದು ನೋಡಿ ಕಳಿಸೋ ಸಾಹೇಬರೂ ನಿಮ್ಮದನ್ನ ಓದಿದ್ದಾರೆ. ಅವರ ರಜಾ ಅರ್ಜೀನ ಹರಿದು ಹೊಸದಾಗಿ ಬರೆದರಂತೆ.

ನನಗೆ ಬರೆಯೋದು ಬರಲ್ಲ. ಆದರೂ ಬರೀತೀನಿ. ಆ ದಿನ ಸಂಜೆ ಕಾರ್ಖಾನೇಲಿ ಮಾತಿಗೆ ಮಾತು ಬೆಳೀತು. ಜಗಳ ಆಯ್ತು. ಪುಸ್ತಕ ಒತ್ತೋ ಪ್ರೆಸ್ಸಿನ ಕಬ್ಬಿಣದ ಹಿಡಿ ಕೈಗೆ ಸಿಕ್ತು. ಪೆಟ್ಟು ಬಿತ್ತು. ಜೀವ ಹೋಯ್ತು. ತಪ್ಪಾಯ್ತು ಮೇಡಂ.

ಇಂತಿ,
ಕಟಿಂಗ್ ಮಷೀನಿನವನು


ಮಾರ್ಚ್ ೩

ಕಟಿಂಗ್ ಮಷೀನಿನವನೇ,

ಬೆಳೀತು, ಆಯ್ತು, ಸಿಕ್ತು, ಬಿತ್ತು, ಹೋಯ್ತು. ಪ್ರಾಸ ಚೆನ್ನಾಗಿದೆ, ಚಪ್ಪಾಳೆ ತಟ್ಟಿ ಹಾಡಬಹುದು. ಆದರೆ ಆ ಕೋಣೆಯಲ್ಲಿ ಮನುಷ್ಯರೇ ಇಲ್ಲ. ಜಗಳ ತಾನಾಗಿ ಬಂತು, ಕಬ್ಬಿಣ ತಾನಾಗಿ ಎದ್ದಿತು, ಜೀವಕ್ಕೆ ಬೇಸರವಾಗಿ ಹೊರಟುಹೋಯಿತು. ನೀನು ಎಲ್ಲಿದ್ದೆ? ಕಿಟಕಿಯ ಹತ್ತಿರ ನಿಂತು ನೋಡುತ್ತಿದ್ದೆಯಾ?

ನಿನ್ನ ಕಾದಂಬರಿ ಉಪಮೆಯ ಹಿಂದೆ ಅವಿತುಕೊಳ್ಳುತ್ತಾರೆ. ನೀನು ಚುಟುಕಿನ ಹಿಂದೆ ಅವಿತುಕೊಂಡಿದ್ದೀಯ. ಅಲಂಕಾರ ಮಾತ್ರ ಸುಳ್ಳು, ಸರಳವಾದದ್ದೆಲ್ಲ ನಿಜ ಎಂಬ ಮೂಢನಂಬಿಕೆಯನ್ನು ನಾನು ತರಗತಿಯಲ್ಲೂ ಒಪ್ಪುತ್ತಿರಲಿಲ್ಲ.

ಮತ್ತೆ ಬರೆ. ಯಾರು ಎಲ್ಲಿ ನಿಂತಿದ್ದರು, ಯಾರ ಕೈಯಲ್ಲಿ ಏನಿತ್ತು, ಯಾರು ಏನು ಹೇಳಿದರು ಎಂಬುದು ಬೇಕು. ಮಾಡಿದ್ದನ್ನು ‘ಮಾಡಿದೆ’ ಎಂದೇ ಬರೆ, ‘ಆಯ್ತು’ ಎಂದಲ್ಲ. ಒಂದೂ ಹೋಲಿಕೆ ಇರಕೂಡದು. ರಕ್ತ ಯಾವ ಹೂವಿನಂತೆಯೂ ಇರುವುದಿಲ್ಲ. ನಾನು ಆ ನೆಲವನ್ನು ನೋಡಿದ್ದೇನೆ.

ಇಂತಿ,
ಮೃತನ ತಾಯಿ


ಏಪ್ರಿಲ್ ೨೮

ಮೇಡಂ ಅವರಿಗೆ,

ತಡವಾಯ್ತು. ಒಂದು ಸಲ ಬರೆದು ಮುಗಿಸಿದ್ದೆ. ಪಕ್ಕದ ಹಾಸಿಗೆಯವನು “ಹೋಂವರ್ಕ್ ಆಯ್ತಾ ಪುಟ್ಟಾ?” ಅಂತ ಹಾಳೆ ಕಿತ್ತುಕೊಂಡು ಎಲ್ಲರ ಮುಂದೆ ರಾಗವಾಗಿ ಓದಿದ. ಕೊಡು ಅಂದೆ. ಕೊಡಲಿಲ್ಲ. ಅವನ ಮೂಗು ಮುರೀತು. ಇಲ್ಲ, ನಾನು ಮುರಿದೆ. ಅದಕ್ಕೆ ಕತ್ತಲೆ ಕೋಣೆ ಆಯ್ತು. ಅಲ್ಲಿ ಪೆನ್ನು ಕೊಡಲ್ಲ.

ಈಗ ಹೇಳ್ತೀನಿ.

ಕೆಲಸದವರೆಲ್ಲ ಹೋಗಿದ್ದರು. ನಾನು ಹಿಂದಿನ ಕೋಣೇಲಿ ಮಷೀನಿನ ಬ್ಲೇಡ್ ಒರೆಸ್ತಿದ್ದೆ. ಮುಂದಿನ ಕೋಣೇಲಿ ನನ್ನ ಅಕ್ಕ ಇದ್ದಳು. ಅವಳೂ ಅಲ್ಲೇ ಕೆಲಸಕ್ಕಿದ್ದಳು. ಅಚ್ಚಾಗಿ ಬಂದ ಹಾಳೆ ಮಡಿಸಿ, ಪುಟದ ಪ್ರಕಾರ ಒಂದರ ಮೇಲೊಂದು ಜೋಡಿಸೋದು ಅವಳ ಕೆಲಸ. ಒಂದು ಪುಸ್ತಕದಲ್ಲಿ ಅವಳು ಹಾಳೆ ಹಿಂದುಮುಂದು ಮಾಡಿದ್ದಳು. ಹೊಲಿಗೆ ಆಗಿ, ಅಂಟು ಒಣಗಿ, ಪುಸ್ತಕ ಹೊರಗೆ ಹೋಗಿತ್ತು. ಅವತ್ತು ಅದು ವಾಪಸ್ ಬಂತು. ನಿಮ್ಮ ಮಗ, ನಾವು ಯಜಮಾನರು ಅಂತಿದ್ವಿ, ಅಕ್ಕನ್ನ ನಿಲ್ಲಿಸಿಕೊಂಡರು.

ಮರದ ಸುತ್ತಿಗೆ ಸದ್ದು ಕೇಳಿಸ್ತು. ಪುಸ್ತಕದ ಬೆನ್ನು ತಟ್ಟೋಕೆ ಇಟ್ಟಿರೋ ಸುತ್ತಿಗೆ ಅದು. ಪುಸ್ತಕದ ಮೇಲೆ ಬಿದ್ದರೆ ಹೇಗೆ ಸದ್ದು ಬರುತ್ತೆ ಅಂತ ನನಗೆ ಗೊತ್ತು. ಇದು ಬೇರೆ. ಹೋಗಿ ನೋಡಿದೆ. ಅಂಟು ಕಲಸೋ ಕಲ್ಲಿನ ಮೇಲೆ ಅಕ್ಕನ ಬಲಗೈ ಇತ್ತು. ಮಣಿಕಟ್ಟನ್ನ ಅವರು ಎಡಗೈಲಿ ಅದುಮಿ ಹಿಡಿದಿದ್ದರು. ಬಲಗೈಲಿ ಸುತ್ತಿಗೆ. ಬೆರಳಿನ ಮೇಲೆ ಹೊಡೀತಿದ್ದರು. ಹೊಡೀತಾ ಹಾಡ್ತಿದ್ದರು, ಮಗುವಿಗೆ ಹಾಡೋ ಹಾಗೆ. ಸುತ್ತಿಗೆ ಹಾಡಿನ ತಾಳಕ್ಕೇ ಬೀಳ್ತಿತ್ತು. ಅಕ್ಕ ಕಿರುಚಲಿಲ್ಲ. ಎಡಗೈಯನ್ನ ಬಾಯಿಗೆ ತುರುಕಿಕೊಂಡಿದ್ದಳು.

“ಬಿಡಿ” ಅಂದೆ. ಅವರು ತಿರುಗಿ ನೋಡದೆ “ನಿನ್ನ ಸರದಿ ಆಮೇಲೆ” ಅಂದರು.

ಪ್ರೆಸ್ಸಿನ ಹಿಡಿ ಕೈಗೆ ಸಿಕ್ತು ಅಂತ ಬರೆದಿದ್ದೆ. ಸುಳ್ಳು. ಅದು ಸಿಗಲ್ಲ. ಅದನ್ನ ತಿರುಪು ಬಿಚ್ಚಿ ತೆಗೀಬೇಕು. ಬಿಚ್ಚಿದೆ. ಅಷ್ಟು ಹೊತ್ತು ನನಗೆ ಇತ್ತು. ಮೊದಲು ಬಲಗಿವಿ ಮೇಲೆ ಹೊಡೆದೆ. ಅವರು ಅಕ್ಕನ ಕೈ ಬಿಟ್ಟು ಕಲ್ಲು ಹಿಡಿದುಕೊಂಡರು. ಅಲ್ಲಿಗೆ ಸಾಕಿತ್ತು. ಮತ್ತೆ ಹೊಡೆದೆ, ಬಿದ್ದರು. ಬಿದ್ದ ಮೇಲೂ ಹೊಡೆದೆ. ಮೂಳೆ ಒಡೆದದ್ದು ನನ್ನ ಕೈಗೆ ಗೊತ್ತಾಯ್ತು. ಅಂಟಿನ ಡಬ್ಬ ಉರುಳಿ ಅವರ ಕೂದಲಿಗೆಲ್ಲ ಅಂಟು ಹತ್ತಿತು. ಅವರು ಏನೂ ಹೇಳಲಿಲ್ಲ.

ಕೋರ್ಟಲ್ಲಿ ಯಾಕೆ ಹೇಳಲಿಲ್ಲ ಅಂತ ಕೇಳ್ತೀರಿ. ತನ್ನ ಹೆಸರು ಎಲ್ಲೂ ಬರಬಾರದು ಅಂತ ಅಕ್ಕ ಕೈ ಮುಗಿದಳು. ಮುಗಿಯೋಕೆ ಆ ಎರಡು ಕೈ ಒಂದಕ್ಕೊಂದು ಸರಿಯಾಗಿ ಕೂಡ್ತಿರಲಿಲ್ಲ.

ಇಂತಿ,
ಕಟಿಂಗ್ ಮಷೀನಿನವನು


ಮೇ ೧೨

ಕಟಿಂಗ್ ಮಷೀನಿನವನೇ,

ತಿರುಪು ಬಿಚ್ಚಿದ ಪ್ಯಾರಾ ಗದ್ಯ. ಅದರಲ್ಲಿ ಒಂದು ಪದ ಹೆಚ್ಚಿಲ್ಲ. ‘ಅಷ್ಟು ಹೊತ್ತು ನನಗೆ ಇತ್ತು’ ಎಂಬ ವಾಕ್ಯವನ್ನು ಓದಿದ ಮೇಲೆ ನಾನು ಸ್ನಾನದ ಕೋಣೆಗೆ ಹೋಗಿ ವಾಂತಿ ಮಾಡಿಕೊಂಡೆ. ಒಳ್ಳೆಯ ವಾಕ್ಯ ಮಾಡಬೇಕಾದ ಕೆಲಸ ಅದೇ. ನೀನು ನನ್ನ ಮಗನನ್ನು ಬಿದ್ದ ಮೇಲೂ ಹೊಡೆದೆ. ನನಗೆ ಗೊತ್ತಿತ್ತು, ಈಗ ಓದಿದೆ.

ಆದರೆ ಅದಕ್ಕೂ ಮುಂಚಿನ ಸುತ್ತಿಗೆಯ ಪ್ಯಾರಾ ನಿನ್ನದಲ್ಲ.

ಪುರಾವೆ ಕೊಡುತ್ತೇನೆ. ಇಡೀ ಪತ್ರದಲ್ಲಿ ನೀನು ಕಣ್ಣಿಗೆ ಕಂಡದ್ದನ್ನು, ಕೈಗೆ ತಾಗಿದ್ದನ್ನು ಮಾತ್ರ ಬರೆದಿದ್ದೀಯ. ಅಂಟು ಕೂದಲಿಗೆ ಹತ್ತಿತು ಎನ್ನುವಾಗಲೂ ಅದು ಯಾವುದರ ಹಾಗೆ ಎಂದು ಹೇಳಲಿಲ್ಲ. ಒಂದೇ ಒಂದು ಕಡೆ ಹೋಲಿಕೆ ಇದೆ: ‘ಮಗುವಿಗೆ ಹಾಡೋ ಹಾಗೆ’. ಅದಕ್ಕೆ ಹೊಂದಿಸಿದ ತಾಳ ಬೇರೆ. ಹೊಡೆಯುತ್ತ ಹಾಡುವ ಖಳನನ್ನು ನಾನು ತೆರೆಯ ಮೇಲೆ ನೋಡಿದ್ದೇನೆ. ಟಿಕೆಟ್ಟಿನ ಜೊತೆಗೆ ಕೊಡುತ್ತಾರೆ. ಇದು ನಿನ್ನ ಕಾದಂಬರಿಯ ಕೈ. ಕೊಲೆಗೆ ಕಾರಣ ಬೇಕಿತ್ತು, ಕಾರಣಕ್ಕೆ ರಾಕ್ಷಸ ಬೇಕಿದ್ದ, ಸತ್ತವನು ಎದ್ದು ಬಂದು ಅಲ್ಲವೆನ್ನಲಾರ. ಅವರು ಹೇಳಿಕೊಟ್ಟರು, ನೀನು ಹೊಲಿದುಕೊಂಡೆ. ಹೊಲಿಗೆ ಕಾಣುತ್ತದೆ.

ನನ್ನ ಮಗ ಸಿಡುಕನಿರಬಹುದು. ಗದರಿಸಿರಬಹುದು. ಅವನು ಹೆಂಗಸಿನ ಬೆರಳನ್ನು ಕಲ್ಲಿನ ಮೇಲಿಟ್ಟವನಲ್ಲ. ಅವನನ್ನು ನಾನು ಹೆತ್ತಿದ್ದೇನೆ, ಓದಿದ್ದೇನೆ.

ಆ ಪ್ಯಾರಾ ತೆಗೆದು ಉಳಿದದ್ದನ್ನು ಹಾಗೆಯೇ ಕಳಿಸು. ಹೂಂ ಎಂದು ಬರೆಯುತ್ತೇನೆ. ತೆಗೆಯದಿದ್ದರೆ ಊಹೂಂ. ಎರಡು ಉತ್ತರಗಳನ್ನೂ ಬರೆದು ಮೇಜಿನ ಮೇಲಿಟ್ಟಿದ್ದೇನೆ. ಯಾವುದಕ್ಕೆ ಅಂಚೆಚೀಟಿ ಅಂಟಿಸಬೇಕೆಂದು ನೀನು ಹೇಳು.

ಇಂತಿ,
ಮೃತನ ತಾಯಿ


ಜೂನ್ ೧೯

ಮೇಡಂ ಅವರಿಗೆ,

ನಿಮ್ಮ ಪತ್ರ ಬಂದ ದಿನ ಕಾದಂಬರಿ ಕುಣಿದರು. “ಗೆದ್ದೆ ಕಣೋ! ಒಂದು ಪ್ಯಾರಾ ಅಷ್ಟೆ! ಹೊರಗೆ ಹೋಗೋಕೆ ಜನ ಗೋಡೆ ಕೊರೀತಾರೆ, ನಿನಗೆ ನಾಲ್ಕು ಸಾಲು ಕತ್ತರಿಸೋಕೆ ಆಗಲ್ವಾ? ನಿನ್ನ ಕೆಲಸಾನೇ ಕತ್ತರಿಸೋದು.”

“ಹಾಳೆ ಕತ್ತರಿಸ್ತೀನಿ. ಅಲ್ಲಿ ಇರೋದು ಬೆರಳು” ಅಂದೆ.

ಅವರು ನಕ್ಕು ಸುಮ್ಮನಾದರು. ಸುಮ್ಮನಾಗಲಿಲ್ಲ. ಆ ಪ್ಯಾರಾ ಬಿಟ್ಟು ಪೂರಾ ಪತ್ರಾನ ತಾವೇ ಚೆನ್ನಾಗಿ ನಕಲು ಮಾಡಿ, ನನ್ನ ಹೆಸರು ಹಾಕಿ, ಸಾಹೇಬರ ಮೇಜಿಗೆ ಕಳಿಸಿಬಿಟ್ಟಿದ್ದರು. ನನಗೆ ಒಳ್ಳೇದಾಗಲಿ ಅಂತಾನೇ ಮಾಡಿದ್ದು. ಗೊತ್ತಾದಾಗ ನಾನು ಅವರ ಕತ್ತು ಹಿಡಿದು ಗೋಡೆಗೆ ಗುದ್ದಿದೆ. ಕನ್ನಡಕ ಒಡೀತು, ಗಾಜು ಹುಬ್ಬಿನೊಳಗೆ ಹೋಯ್ತು. ಬಿಡಿಸೋಕೆ ನಾಲ್ಕು ಜನ ಬಂದರು. ಅವರು ಆಸ್ಪತ್ರೆಯಿಂದ ಹೇಳಿ ಕಳಿಸಿದ್ದಾರೆ: “ಆ ಮೇಡಂಗೆ ಹೇಳು, ಆ ಪ್ಯಾರಾ ನನ್ನದಲ್ಲ. ನನ್ನದಾಗಿದ್ದರೆ ಇನ್ನೂ ಚೆನ್ನಾಗಿರ್ತಿತ್ತು.”

ಈ ಹೊಡೆದಾಟ ಸಮಿತಿಗೆ ಗೊತ್ತಾಗುತ್ತೆ. ಆಗಲಿ. ನಕಲು ಪತ್ರ ಸಾಹೇಬರು ತಡೆದು ನನಗೇ ವಾಪಸ್ ಕೊಟ್ಟರು.

ನೀವು ಹೇಳಿದ ಹಾಗೆ ಬರೆಯೋಕೆ ಎರಡು ತಿಂಗಳು ತಿಣುಕಿದ್ದೀನಿ ಮೇಡಂ. ಹೋಲಿಕೆ ಬೇಡ ಅಂದಿರಿ, ಹಾಕಲಿಲ್ಲ. ಅದು ಹೋಲಿಕೆ ಅಲ್ಲ. ಅವರು ನಿಜವಾಗಲೂ ಮಗುವಿನ ಹಾಡನ್ನೇ ಹಾಡ್ತಿದ್ದರು. ಬಾಯಲ್ಲಿ ಹೇಳೋಕೂ ಬರೆಯೋಕೂ ಇಷ್ಟ ಇರಲಿಲ್ಲ, ಅದಕ್ಕೆ ಹಾಡು ಅಂತ ಮಾತ್ರ ಬರೆದೆ. ಈಗ ಹಾಡನ್ನೇ ಬರೀತೀನಿ.

ತಪ್ಪು ಒಂದು, ತಟ್ಟು ಒಂದು,
ಒಪ್ಪು ಆಗೋ ತನಕ ಇಂದು.

ಇಷ್ಟೇ. ಇದನ್ನೇ ತಿರುಗಾ ಮುರುಗಾ. ‘ಒಂದು’ ಅಂದಾಗ ಒಂದು ಬೆರಳು.

ಇನ್ನೊಂದು. ಹಾಳೆ ಹಿಂದುಮುಂದಾದ ಪುಸ್ತಕ ಯಾವುದು ಅಂತ ನಾನು ಬರೆದಿರಲಿಲ್ಲ. ಶೈಲಿ ಅಂದರೇನು ಅಂತ ಕಾಲೇಜಿನ ಮಕ್ಕಳಿಗೆ ಬರೆದ ಪುಸ್ತಕ. ಮುಖಪುಟದ ಮೇಲೆ ನಿಮ್ಮ ಹೆಸರಿತ್ತು.

ಆ ಪ್ಯಾರಾ ತೆಗೆಯಲ್ಲ. ಊಹೂಂ ಅನ್ನೋದಕ್ಕೇ ಚೀಟಿ ಅಂಟಿಸಿ.

ಇಂತಿ,
ಕಟಿಂಗ್ ಮಷೀನಿನವನು


ಆಗಸ್ಟ್ ೩೦

ಮೇಡಂ ಅವರಿಗೆ,

ನಿಮ್ಮಿಂದ ಪತ್ರ ಬಂದಿಲ್ಲ. ಬರೆಯಿರಿ ಅಂತ ಕೇಳೋಕೆ ನಾನು ಯಾರೂ ಅಲ್ಲ. ಆರೋಗ್ಯವಾಗಿದ್ದೀರಾ ಅಂತ ಕೇಳ್ತಿರೋದು ಸಾಹೇಬರು.

ಇಂತಿ,
ಕಟಿಂಗ್ ಮಷೀನಿನವನು


ಅಕ್ಟೋಬರ್ ೬

ಕಟಿಂಗ್ ಮಷೀನಿನವನಿಗೆ,

ಆ ಎರಡು ಸಾಲು ಯಾವ ಪುಸ್ತಕದಲ್ಲೂ ಇಲ್ಲ. ನನ್ನ ಮಗನಿಗೆ ಐದು ವರ್ಷವಾಗಿದ್ದಾಗ, ಅಕ್ಷರ ಕಲಿಸಲು ಕೂತಾಗ ಕಟ್ಟಿದ್ದು. ಎಲ್ಲೂ ಬರೆದಿಟ್ಟಿರಲಿಲ್ಲ. ನನ್ನ ಮತ್ತು ಅವನ ಹೊರತು ಅದನ್ನು ಕೇಳಿದವರಿಲ್ಲ. ನನ್ನ ಕಸುಬಿನಲ್ಲಿ ಇದಕ್ಕಿಂತ ದೊಡ್ಡ ಪುರಾವೆ ಇರುವುದಿಲ್ಲ. ಆ ಪ್ಯಾರಾ ಕಾದಂಬರಿಯದಲ್ಲ, ನಿನ್ನದೂ ಅಲ್ಲ.

ಅದನ್ನು ಹೇಳಿಕೊಡುವಾಗ ಮಗನ ಅಂಗೈಯನ್ನು ಬೆರಳ ತುದಿಯಿಂದ ತಟ್ಟುತ್ತಿದ್ದೆ ಎಂದು ಇಲ್ಲಿ ಬರೆದಿದ್ದೆ. ಆಮೇಲೆ ಆ ವಾಕ್ಯವನ್ನು ನಾಲ್ಕು ಸಲ ಓದಿ ಹೊಡೆದುಹಾಕಿದೆ.

ಆ ಪುಸ್ತಕದ ಕೆಟ್ಟ ಪ್ರತಿ ಮೊದಲು ಬಂದದ್ದು ನನ್ನ ಮನೆಗೇ. ಆ ದಿನ ಬೆಳಿಗ್ಗೆಯೇ ಅದನ್ನು ವಾಪಸ್ ಕಳಿಸಿ ಅವನಿಗೆ ಫೋನ್ ಮಾಡಿದ್ದೆ. ಏನಂದೆ ಎಂಬುದು ನೆನಪಿದೆ.

ನಿನ್ನ ಅಕ್ಕನ ವಿಳಾಸ ಹುಡುಕುವುದು ಕಷ್ಟವಾಗಲಿಲ್ಲ. ಹುಡುಕದೆ ಕೂರುವುದು ಕಷ್ಟವಾಗಿತ್ತು. ಅವಳೀಗ ಒಂದು ಗುಂಡಿ ಅಂಗಡಿಯ ಹಿಂದಿನ ಕೋಣೆಯಲ್ಲಿ ಅಂಗಿಯ ಗುಂಡಿಗಳನ್ನು ಬಣ್ಣದ ಪ್ರಕಾರ ಬೇರೆ ಮಾಡುತ್ತಾಳೆ. ಎಡಗೈಯಲ್ಲಿ. ನಾನು ಯಾರೆಂದು ಹೇಳಿದೆ. ತಲೆ ಎತ್ತಲಿಲ್ಲ.

“ಬೆರಳು ಎಣಿಸೋಕೆ ಬಂದ್ರಾ? ಐದೂ ಇದಾವೆ. ಮಡಚಲ್ಲ ಅಷ್ಟೆ.”

“ಹಾಡಿನ ವಿಷಯ ಕೇಳಲು ಬಂದೆ” ಎಂದೆ.

“ಹಾಡು ಚೆನ್ನಾಗಿತ್ತು. ಅದೇ ಕಷ್ಟ ಆಗಿರೋದು. ಮರೆಯೋಣ ಅಂದರೆ ಬಾಯಿಗೆ ಬಂದುಬಿಡುತ್ತೆ. ನನ್ನ ಮಗಳು ಚಪ್ಪಾಳೆ ತಟ್ಟಿದರೂ ಈ ಕೈ ತಾನಾಗೇ ಬೆನ್ನ ಹಿಂದಕ್ಕೆ ಹೋಗುತ್ತೆ.” ಆಮೇಲೆ ಕೇಳಿದಳು, “ನೀವು ಓದಿದವರಲ್ವಾ? ಅಂಥದ್ದನ್ನ ಯಾರು ಬರೀತಾರೆ?”

ಹೇಳಿದೆ.

ಅವಳು ಗುಂಡಿ ಆರಿಸುವುದನ್ನು ನಿಲ್ಲಿಸಲಿಲ್ಲ. ಕಪ್ಪು, ಬಿಳಿ, ಕಪ್ಪು, ಬಿಳಿ. “ಹಾಗಾದರೆ ಪುಸ್ತಕದಲ್ಲಿ ಹಾಕಬೇಡಿ” ಎಂದಳು.

ಒಂದು ಲೋಟ ನೀರು ಕೊಟ್ಟಳು, ಎಡಗೈಯಲ್ಲೇ. ಕುಡಿದು ಬಂದೆ.

ಸಮಿತಿಗೆ ಬರೆದು ಅಂಚೆಗೆ ಹಾಕಿದ್ದೇನೆ. ಮೇಜಿನ ಮೇಲಿದ್ದ ಎರಡೂ ಉತ್ತರಗಳನ್ನು ಹರಿದು ಮೂರನೆಯದನ್ನು ಬರೆದೆ. ಅದರ ಸಾರಾಂಶ ಇಷ್ಟು: ಕೈದಿಯ ಪತ್ರವನ್ನು ಪರಿಶೀಲಿಸಿದ್ದೇನೆ. ನಾನು ಅನುಮಾನಿಸಿದ ಭಾಗ ಅಸಲಿ. ಅವನು ಕಾದಂಬರಿಯ ಕನ್ನಡಕ ಒಡೆದದ್ದು ಅದನ್ನು ಉಳಿಸಲು. ನಾನು ಅವನನ್ನು ಕ್ಷಮಿಸಿಲ್ಲ. ಅವನ ಬಿಡುಗಡೆಗೆ ನನ್ನ ಆಕ್ಷೇಪವಿಲ್ಲ. ಈ ಎರಡು ವಾಕ್ಯಗಳ ನಡುವೆ ‘ಆದರೆ’ ಹಾಕಿದ್ದೆ, ತೆಗೆದೆ. ನಿನ್ನ ಅಕ್ಕನ ಹೆಸರು ಅದರಲ್ಲಿ ಇಲ್ಲ.

ಆದ್ದರಿಂದ ಇನ್ನು ಮುಂದೆ ನೀನು ನನಗೆ ಏನು ಬರೆದರೂ ನಿನಗೆ ಲಾಭವಿಲ್ಲ, ನಷ್ಟವಿಲ್ಲ. ಬರೆಯದಿದ್ದರೂ ಸರಿ. ಅದಕ್ಕೇ ಈಗ ಕೇಳುತ್ತಿದ್ದೇನೆ.

ನಿನ್ನ ಏಪ್ರಿಲ್ ಪತ್ರದಲ್ಲಿ ಒಂದು ಸುಳ್ಳು ವಾಕ್ಯವಿದೆ. ನಾನು ಸಿಟ್ಟಿನಲ್ಲಿ ನಿಜವಾದದ್ದನ್ನು ಸುಳ್ಳೆಂದು ಹಿಡಿದು, ಸುಳ್ಳನ್ನು ದಾಟಿಹೋದೆ. ‘ಅವರು ಏನೂ ಹೇಳಲಿಲ್ಲ.’ ಅಂಟಿನ ಡಬ್ಬ ಉರುಳಿದ್ದನ್ನು ಕೂಡ ಬಿಡದವನು ಅಲ್ಲಿ ಮಾತ್ರ ಬಾಗಿಲು ಹಾಕಿಕೊಂಡಿದ್ದೀಯ. ಆ ವಾಕ್ಯ ಮುಗಿಯುತ್ತಿದ್ದಂತೆ ಪ್ಯಾರಾ ಬದಲಾಗಿದೆ, ಮಾತು ಕೋರ್ಟಿಗೆ ಹೋಗಿದೆ. ಓಡಿಹೋಗುವವನ ಶೈಲಿ ಅದು.

ಆ ಪದ್ಯಕ್ಕೆ ಇನ್ನೂ ಎರಡು ಸಾಲಿವೆ. ನಾನು ಇಲ್ಲಿ ಬರೆಯುವುದಿಲ್ಲ. ನೀನು ಕೇಳಿದ್ದರೆ ಬರೆ. ಕೇಳಿಲ್ಲದಿದ್ದರೆ, ಕಟ್ಟಬೇಡ.

ಇಂತಿ,
ಶೈಲಿಯ ಮೇಡಂ


ನವೆಂಬರ್ ೧೪

ಮೇಡಂ ಅವರಿಗೆ,

ಬಿಡುಗಡೆ ಆಗಿದೆ. ನಾಡಿದ್ದು ಬಾಗಿಲು ತೆಗೀತಾರೆ. ಕಾದಂಬರಿ ಬಂದು ನಿಂತರು, ಹುಬ್ಬಿನ ಮೇಲೆ ಹೊಲಿಗೆಯ ಗುರುತು ಹಾಗೇ ಇದೆ. ನಾನು ಕಾಲಿಗೆ ಬೀಳೋಕೆ ಹೋದೆ. “ಬೇಡ ಬೇಡ, ಪಾದಾರವಿಂದ ಈಗ ಫ್ಯಾಷನ್ ಅಲ್ಲ” ಅಂದರು.

ಇದನ್ನ ಒಳಗಿಂದಲೇ ಬರೆದು ಹೋಗ್ತೀನಿ. ಹೊರಗೆ ಹೋದರೆ ಬರೆಯಲ್ಲ ಅಂತ ನನಗೆ ಗೊತ್ತು.

ಎರಡನೇ ಸಲ ಹೊಡೆದ ಮೇಲೆ ಅವರು ಬಿದ್ದರು. ಬಲಗಿವಿ ಹರಿದು ಜೋತಾಡ್ತಿತ್ತು. ಸುತ್ತಿಗೆ ಕೈ ಬಿಟ್ಟು ಹೋಗಿತ್ತು. ಎರಡೂ ಕೈ ಮೇಲಕ್ಕೆ ಎತ್ತಿದರು. ತಡೆಯೋಕೆ ಅಂದುಕೊಂಡೆ. ತಡೆಯೋ ಕೈ ಹಾಗೆ ಇರಲ್ಲ, ಅಂಗೈ ಮುಂದೆ ಇರುತ್ತೆ. ಅವರ ಅಂಗೈ ಮೇಲೆ ನೋಡ್ತಿತ್ತು, ತೋಳು ಅಗಲ ಆಗಿತ್ತು. ಕಣ್ಣು ನನ್ನ ಕಡೆ ಇರಲಿಲ್ಲ. ಬಾಗಿಲ ಕಡೆ ಇತ್ತು. ಬಾಗಿಲಲ್ಲಿ ಯಾರೂ ಇರಲಿಲ್ಲ.

ಮತ್ತೆ ಹಾಡೋಕೆ ಶುರು ಮಾಡಿದರು. ಅದೇ ರಾಗ. ಅಕ್ಕ ಅದನ್ನ ಕೇಳಿ ಮೊದಲನೇ ಸಲ ಕಿರುಚಿದಳು. ಇವನು ಇನ್ನೂ ನಿಲ್ಲಿಸಿಲ್ಲ ಅಂತ ನನಗೆ ಅನ್ನಿಸ್ತು. ನಿಲ್ಲಿಸೋಕೆ ಹೊಡೆದೆ. ಮಾತು ಬೇರೆ ಇತ್ತು, ಕಿವಿಗೆ ಬಿದ್ದಿತ್ತು, ಮನಸ್ಸಿಗೆ ಬೀಳಲಿಲ್ಲ. ಒಂಬತ್ತು ವರ್ಷದಿಂದ ಬೀಳ್ತಾ ಇದೆ.

ತಪ್ಪು ಎಲ್ಲ ತೀರಿದಾಗ
ಅಪ್ಪಿಕೊಳಲು

ಇಲ್ಲಿವರೆಗೆ ಹೇಳಿದರು. ಮುಂದೆ ಏನಿತ್ತೋ ನನಗೆ ಗೊತ್ತಿಲ್ಲ ಮೇಡಂ. ಅಲ್ಲಿಗೆ ನಾನು ಹೊಡೆದೆ.

ಇಂತಿ,
ನಿಮ್ಮ ಮಗನನ್ನು ಕೊಂದವನು


ನವೆಂಬರ್ ೨೧

ಈ ಪತ್ರವನ್ನು ನಿನ್ನ ಅಕ್ಕನ ವಿಳಾಸಕ್ಕೆ ಕಳಿಸುತ್ತಿದ್ದೇನೆ. ನೀನು ಅಲ್ಲಿಗೇ ಹೋಗಿರುತ್ತೀಯ.

ನಿನ್ನದು ಬಂತು. ಕೆಂಪು ಪೆನ್ನು ಹಿಡಿದು ಕೂತಿದ್ದೆ. ಮುಚ್ಚಳ ಹಾಕಿ ಇಟ್ಟೆ. ತಿದ್ದುವುದು ಏನೂ ಇಲ್ಲ.

ಮುಂದೆ ಇದ್ದದ್ದು: ಬಾ ನೀ ಬೇಗ.

ಇಂತಿ,
ಅವನ ಅಮ್ಮ